ಅಕ್ಕನ ಲಿಂಗ ಉಳಿದ ಬೆಟ್ಟ

ಅವತ್ತು ಹಿತ್ತಲ ಕಟ್ಟೆಯ ಮೇಲೆ ಕುಳಿತು ಒಣಮೆಣಸಿನಕಾಯಿಯ ತೊಟ್ಟು ಮುರಿಯುತ್ತಿದ್ದೆ. ವರ್ಷದ ಖಾರದಪುಡಿಗೆಂದು ಬಿಸಿಲಿಗೆ ಹಾಕಿದ್ದ ಕಾಯಿ, ಅಲ್ಲಾಡಿಸಿದರೆ ಒಳಗಿನ ಬೀಜ ಗಲಗಲ ಎನ್ನುವಷ್ಟು ಒಣಗಿತ್ತು. ಉಗುರಿನ ಸಂದಿಗೆಲ್ಲ ಖಾರ ಇಳಿದು ಬೆರಳುಗಳು ಉರಿಯುತ್ತಿದ್ದವು. ಆಗ ನ್ಯಾಮತಿಯಿಂದ ಫೋನು ಬಂತು. ಬೆರಳ ಗೆಣ್ಣಿನಿಂದ ಒತ್ತಿ, ಮೊರದ ಪಕ್ಕದಲ್ಲೇ ಇಟ್ಟುಕೊಂಡು ಕೇಳಿದೆ. “ಚಿಕ್ಕಮ್ಮ, ಅವ್ವ ಹೋದ್ಲು” ಅಂದ ಅಕ್ಕನ ಮಗ. ಅಳು ಬಂತು. ಕಣ್ಣು ಒರೆಸಿಕೊಳ್ಳೋಣವೆಂದರೆ ಕೈತುಂಬ ಖಾರ. ಕಣ್ಣೀರು ತಾನೇ ಇಳಿದು ತಾನೇ ಒಣಗಲಿ ಎಂದು ಸುಮ್ಮನೆ ಕುಳಿತೆ. ಮನೆಯಲ್ಲಿ ಯಾರೂ ಇರಲಿಲ್ಲ, ಅದೂ ಒಂದು ಪುಣ್ಯ.

ಅಕ್ಕ ಅಂದರೆ ಒಡಹುಟ್ಟಿದವಳಲ್ಲ. ನನ್ನ ಗಂಡನ ಅಣ್ಣನ ಹೆಂಡತಿ, ನನ್ನ ಓರಗಿತ್ತಿ. ಆದರೆ ಮದುವೆಯಾಗಿ ಬಂದ ಮೊದಲ ದಿನದಿಂದ ಅಕ್ಕ ಎಂದೇ ಕರೆದವಳು ನಾನು. ಅವರ ಕೊರಳ ಹಿಂಭಾಗದಲ್ಲಿ ಲಿಂಗ ಕಟ್ಟಿಕೊಂಡ ಶಿವದಾರ ಉಜ್ಜಿ ಉಜ್ಜಿ ಬಿದ್ದ ಒಂದು ಗೆರೆ ಇತ್ತು. ತೆಳ್ಳಗೆ, ಹೊಳಪಾಗಿ, ಚರ್ಮದ ಮೇಲೆ ಎಳೆದ ನೂಲಿನ ಹಾಗೆ. ತಲೆ ಬಾಚುವಾಗ ಜಡೆ ಮುಂದಕ್ಕೆ ತಂದುಕೊಂಡರೆ ಅದು ಕಾಣುತ್ತಿತ್ತು. ಬಸುರಿಗೆ ಎಂಟು ತುಂಬಿದಾಗ ಹೊಟ್ಟೆಯ ಕೂಸಿನ ಹೆಸರಲ್ಲಿ, ಹುಟ್ಟಿದ ಮೇಲೆ ಮಗುವಿಗೆ ಲಿಂಗ ಕಟ್ಟುವುದು ನಮ್ಮ ಜನರಲ್ಲಿ ಎಲ್ಲರ ಮನೆಯಲ್ಲೂ ಇದೆ. ಆದರೆ ಕಟ್ಟಿದ್ದನ್ನು ಒಂದು ದಿನವೂ ಮೈಯಿಂದ ಬಿಡದೆ, ಬೆಳಿಗ್ಗೆ ಎಡ ಅಂಗೈ ಮೇಲೆ ಇಟ್ಟು ಪೂಜೆ ಮಾಡದೆ ಒಂದು ತೊಟ್ಟು ನೀರನ್ನೂ ಬಾಯಿಗೆ ಬಿಡದೆ ಬದುಕಿದವರನ್ನು ನಾನು ನೋಡಿದ್ದು ಇವರೊಬ್ಬರನ್ನೇ.

ನನ್ನ ತವರು ಜಗಳೂರು ಕಡೆ. ಅಲ್ಲಿ ನಮ್ಮಪ್ಪ ಅವ್ವ ಎದ್ದವರೇ ಹೊಲಕ್ಕೆ ಓಡುವವರು. ಲಿಂಗ ಕೊರಳಲ್ಲಿ ಇರುತ್ತಿತ್ತು, ಪೂಜೆ ಹಬ್ಬ ಹುಣ್ಣಿಮೆಗೆ. ತ್ಯಾವಣಿಗೆಯ ಈ ಮನೆಗೆ ಸೊಸೆಯಾಗಿ ಬಂದಾಗ ಅತ್ತೆಯ ಶಿಸ್ತು ಕಂಡು ನನಗೆ ಜೀವ ಹೋದ ಹಾಗಾಯಿತು. ಮನೆಯ ಎಲ್ಲರ ಪೂಜೆ ಮುಗಿಯುವ ತನಕ ಒಲೆಯ ಮೇಲಿನ ಪಾತ್ರೆಯ ಮುಚ್ಚಳ ತೆಗೆಯುವಂತಿಲ್ಲ. ಬಸುರಿಯಾದ ಮೇಲೆ ಬೆಳಿಗ್ಗೆ ಎದ್ದ ಕೂಡಲೇ ಹೊಟ್ಟೆ ಸುಡುತ್ತಿತ್ತು, ಏನೂ ತಿನ್ನದಿದ್ದರೆ ವಾಂತಿ. ಹೇಳಲು ಹೆದರಿಕೆ. ಅಕ್ಕ ಒಂದು ದಿನ ನನ್ನ ಮುಖ ನೋಡಿದರು. ಮರುದಿನ ಇನ್ನೂ ಮನೆ ಏಳುವ ಮೊದಲೇ ಒಂದು ಬಟ್ಟಲಲ್ಲಿ ಮೊಸರವಲಕ್ಕಿ ಕಲಸಿಕೊಂಡು ಹಿತ್ತಲಿಗೆ ತಂದರು. ನಾನು ಪೂಜೆ ಆಗಿಲ್ಲ ಎಂದು ಹಿಂದೆ ಸರಿದೆ.

“ಎಂಟು ತಿಂಗಳು ತುಂಬೋ ತನಕ ಒಳಗಿನ ಕೂಸಿಗೆ ಲಿಂಗ ಕಟ್ಟಲ್ಲ,” ಅಂದರು ಅಕ್ಕ. “ಲಿಂಗ ಇಲ್ಲದೋರಿಗೆ ನೇಮ ಎಲ್ಲೈತೆ? ಉಣ್ಣೋದು ಅದು. ನೀನು ಬರೀ ಬಾಯಿ ಕೊಡು.”

ಹಾಗೆ ಬಾಯಿ ಕೊಟ್ಟೇ ನನ್ನ ದೊಡ್ಡ ಮಗಳು ಬೆಳೆದಳು. ಅತ್ತೆಗೆ ಇದು ಗೊತ್ತಾಯಿತೋ ಇಲ್ಲವೋ ಶಿವನೇ ಬಲ್ಲ. ಅಕ್ಕ ಇನ್ನೊಬ್ಬರಿಗೆ ಹೀಗೆ ದಾರಿ ಹುಡುಕಿ ಕೊಡುತ್ತಿದ್ದರು. ಜ್ವರ ಬಂದವರಿಗೆ, ಪರೀಕ್ಷೆಗೆ ಹೊರಟ ಮಕ್ಕಳಿಗೆ, ಅಡಿಕೆ ಸುಲಿಯಲು ಬಂದ ಆಳುಗಳಿಗೆ, ಎಲ್ಲರಿಗೂ ಒಂದೊಂದು ರಿಯಾಯಿತಿ ಇತ್ತು ಅವರಲ್ಲಿ. ತಮಗೆ ಮಾತ್ರ ಇರಲಿಲ್ಲ. ಅದನ್ನು ನಾನು ಸರಿಯಾಗಿ ಅರಿತಿದ್ದು ಬಹಳ ತಡವಾಗಿ, ಊರಲ್ಲಿ ಅಲ್ಲ, ಹೆಸರೂ ನೆಟ್ಟಗೆ ಬಾಯಿಗೆ ಬಾರದ ಒಂದು ಊರಿನ ಬೆಟ್ಟದಲ್ಲಿ.

ಮನೆ ಪಾಲಾದ ಮೇಲೆ ಭಾವನವರು ನ್ಯಾಮತಿಯಲ್ಲಿ ಪಂಪುಸೆಟ್ಟು, ಡ್ರಿಪ್ ಪೈಪುಗಳ ಅಂಗಡಿ ಹಾಕಿದರು. ನಾವು ಚನ್ನಗಿರಿಗೆ ಬಂದೆವು. ಎರಡು ವರ್ಷದ ಹಿಂದೆ ಪೈಪಿನ ಕಂಪನಿಯವರು ಚೆನ್ನಾಗಿ ಮಾರಿದ ಅಂಗಡಿಯವರನ್ನೆಲ್ಲ ವಿದೇಶ ಪ್ರವಾಸಕ್ಕೆ ಕರೆದರು, ಜೋಡಿಗೆ ಪುಕ್ಕಟೆ. ಹಿಂದೆಲ್ಲ ಬ್ಯಾಂಕಾಕು, ದುಬೈ ಇರುತ್ತಿತ್ತಂತೆ. ಈ ಸಲ ಪೆರು ದೇಶ. ಹಳೇ ಕಾಲದ ಇಂಕಾ ರಾಜರ ಕೋಟೆಗಳು, ಬೆಟ್ಟದ ಊರುಗಳು. ಭಾವನವರಿಗೆ ಹೃದಯಕ್ಕೆ ಸ್ಟೆಂಟ್ ಹಾಕಿತ್ತು, ಅಷ್ಟು ಎತ್ತರಕ್ಕೆ ಬೇಡವೆಂದರು ಡಾಕ್ಟರು. ಟಿಕೀಟು ಹಾಳಾಗಬಾರದು, ಹೆಂಗಸರಿಬ್ಬರೇ ಹೋಗಿ ಬನ್ನಿ ಎಂದು ಮನೆಯವರೆಲ್ಲ ಸೇರಿ ನಮ್ಮನ್ನು ಹೊರಡಿಸಿದರು. ಸವಳಂಗದ ಆಚೆ ಶಿಕಾರಿಪುರ, ಈಚೆ ದಾವಣಗೆರೆ, ಅದಕ್ಕಿಂತ ದೂರ ಇಬ್ಬರೇ ಹೋದವರಲ್ಲ ನಾವು. ಅಕ್ಕ ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಅವಲಕ್ಕಿ, ಮಂಡಕ್ಕಿ ಕಟ್ಟಿಕೊಂಡರು. ಮಂಡಕ್ಕಿಯೇ ಅರ್ಧ ಸೂಟ್‌ಕೇಸ್.

ತಪ್ಪು ಆದದ್ದು ಅಲ್ಲಿಯೇ, ಹೊರಡುವ ಮುಂಚೆ. ವಿಮಾನ ನಿಲ್ದಾಣದಲ್ಲಿ ಲೋಹ ಕಂಡರೆ ಯಂತ್ರ ಕೂಗುತ್ತದೆ, ಬಿಚ್ಚಿಸಿ ಟ್ರೇಗೆ ಹಾಕಿಸುತ್ತಾರೆ ಎಂದು ಯಾರೋ ಹೇಳಿದರು. ಚಪ್ಪಲಿ, ಬೆಲ್ಟು ಇಡುವ ಟ್ರೇ. ಅದರಲ್ಲಿ ಲಿಂಗ ಇಡುವುದು ಅಕ್ಕನಿಗೆ ಮನಸ್ಸು ಒಪ್ಪಲಿಲ್ಲ. ಲಿಂಗ ಇಡುವ ಬೆಳ್ಳಿಯ ಕರಡಿಗೆಯನ್ನು ಮನೆಯಲ್ಲೇ ಬಿಟ್ಟು, ಲಿಂಗವನ್ನು ಬಿಳಿ ಬಟ್ಟೆಯಲ್ಲಿ ಸುತ್ತಿ ಗಂಟು ಹಾಕಿ ಕೊರಳಿಗೆ ಕಟ್ಟಿಕೊಂಡರು. ಎಷ್ಟೋ ಮಂದಿ ಹಾಗೇ ಕಟ್ಟಿಕೊಳ್ಳುತ್ತಾರೆ, ಅದರಲ್ಲಿ ತಪ್ಪೇನಿಲ್ಲ. ಯಂತ್ರ ಕೂಗಲೂ ಇಲ್ಲ. ಗೆದ್ದೆವು ಅಂದುಕೊಂಡೆವು.

ಅಲ್ಲಿ ಹೋದ ಮೇಲೆ ಮೊದಲ ದಿನಗಳೆಲ್ಲ ಚೆನ್ನಾಗಿಯೇ ಕಳೆದವು. ಕೊನೆಯ ದಿನ ಬೆಳಗಿನಿಂದ ಸಂಜೆಯ ತನಕ ಬಸ್ಸಿನಲ್ಲಿ ಸುತ್ತಾಟ, ಒಂದು ಹಾಳುಕೋಟೆ, ಎರಡು ಬೆಟ್ಟದ ಹಳ್ಳಿ. ಅಕ್ಕ ಕತ್ತಲಿರುವಾಗಲೇ ಎದ್ದು ಸ್ನಾನ ಮಾಡಿ ಪೂಜೆ ಮುಗಿಸಿ, ರೊಟ್ಟಿ ಮುರಿದುಕೊಂಡು ತಿಂದು ಬಸ್ಸು ಹತ್ತಿದರು. ಸೀರೆಯ ಮೇಲೆ ಸ್ವೆಟರ್. ಗುಂಡಿ ಇರುವುದಲ್ಲ, ತಲೆಯ ಮೇಲಿಂದ ತೂರಿಸಿಕೊಳ್ಳುವಂಥದ್ದು, ಮೊಮ್ಮಗಳದ್ದು. ನಮ್ಮ ಗೈಡು ಒಬ್ಬ ಹೆಂಗಸು, ನಲವತ್ತರ ಆಸುಪಾಸು, ಎರಡು ಜಡೆ, ತಲೆಗೆ ಟೋಪಿ. ಅವಳು ಇಂಗ್ಲೀಷಿನಲ್ಲಿ ಹೇಳುತ್ತಿದ್ದಳು, ಕಂಪನಿಯ ಮ್ಯಾನೇಜರ್ ಕನ್ನಡದಲ್ಲಿ ಅರ್ಧ ಹೇಳುತ್ತಿದ್ದ, ಉಳಿದರ್ಧವನ್ನು ಹೊನ್ನಾಳಿಯ ಪೈಪಂಗಡಿಯವರು ತಮ್ಮ ತಲೆಯಿಂದ ಸೇರಿಸುತ್ತಿದ್ದರು. ಆ ಮನುಷ್ಯನ ಬಾಯಿಗೆ ಬಿಡುವೇ ಇರಲಿಲ್ಲ. ಗಾಳಿ ತೆಳು, ನಿಧಾನ ನಡೀರಿ ಎಂದು ಗೈಡು ಹೇಳಿದರೆ, “ನಮ್ಮೂರಾಗೆ ದುಡ್ಡು ತೆಳು, ಇಲ್ಲಿ ಗಾಳಿ ತೆಳು” ಎಂದು ಬಸ್ಸನ್ನೆಲ್ಲ ನಗಿಸುತ್ತಿದ್ದರು.

ಆ ಕೋಟೆಯನ್ನು ನಾನು ಹೇಗೆ ಬಣ್ಣಿಸಲಿ? ಗುಡ್ಡದ ಬುಡದಿಂದ ನೆತ್ತಿಯ ತನಕ ಮೆಟ್ಟಿಲು ಮೆಟ್ಟಿಲಾಗಿ ಕಡಿದ ಹೊಲಗಳು, ಒಂದೊಂದು ಮೆಟ್ಟಿಲಿಗೂ ಕಲ್ಲಿನ ಗೋಡೆ. ಸುಣ್ಣವಿಲ್ಲ, ಗಾರೆಯಿಲ್ಲ, ಕಲ್ಲಿಗೆ ಕಲ್ಲು ಕೂತುಬಿಟ್ಟಿದೆ. ಸಂದಿಯಲ್ಲಿ ಪಿನ್ನು ಹಾಕಲು ಜಾಗವಿಲ್ಲ. ಅಕ್ಕ ಗೋಡೆಗೆ ಕೈ ಇಟ್ಟು ನೋಡಿದರು. ಇಷ್ಟು ಕಲ್ಲು ಹೊತ್ತವರ ಬೆನ್ನು ಏನಾಗಿರಬೇಕು ಎಂದರು. ಅರ್ಧ ಹತ್ತುವಷ್ಟರಲ್ಲಿ ಬಿಸಿಲು ಚುರುಗುಟ್ಟಿತು. ಅಕ್ಕ ಸ್ವೆಟರ್ ತೆಗೆದರು. ದೊಡ್ಡವರಾದಾಗಿನಿಂದ ಸೀರೆ ಕುಪ್ಪಸವಲ್ಲದೆ ಬೇರೆ ತೊಟ್ಟವರಲ್ಲ, ತಲೆಯ ಮೇಲಿಂದ ಬಟ್ಟೆ ಕಳಚುವುದು ಅವರಿಗೆ ಅಭ್ಯಾಸವಿಲ್ಲ. ಸ್ವೆಟರ್ ಮುಖದಲ್ಲಿ ಸಿಕ್ಕಿಕೊಂಡು ಒದ್ದಾಡಿದರು, ನಾನು ನಗುತ್ತಾ ಹಿಡಿದು ಎಳೆದೆ. ಹೊನ್ನಾಳಿಯವರು ಫೋಟೋ ತೆಗೆದರು. ಸ್ವೆಟರನ್ನು ಕೊಡವಿ, ಮಡಚಿ, ಚೀಲಕ್ಕೆ ತುರುಕಿ ಮುಂದೆ ನಡೆದೆವು.

ಅಲ್ಲಿಂದ ಬಸ್ಸಿನಲ್ಲಿ ಇನ್ನೂ ಮೇಲಕ್ಕೆ, ನೇಕಾರರ ಒಂದು ಹಳ್ಳಿಗೆ. ಹೆಂಗಸರು ಅಂಗಳದಲ್ಲಿ ಕುಳಿತು ಉಣ್ಣೆ ತೊಳೆಯುವುದು, ನೂಲುವುದು, ಬಣ್ಣ ಹಾಕುವುದು ಎಲ್ಲ ತೋರಿಸಿದರು. ಒಬ್ಬ ಮುದುಕಿ ಪಾಪಾಸುಕಳ್ಳಿಯ ಎಲೆಯ ಮೇಲಿನ ಬೂದಿಬಣ್ಣದ ಸಣ್ಣ ಹುಳುವನ್ನು ತೆಗೆದು ಅಂಗೈಯಲ್ಲಿಟ್ಟು ಹೆಬ್ಬೆರಳಿನಿಂದ ಒತ್ತಿದಳು. ಅಂಗೈಯೆಲ್ಲ ಕೆಂಪಾಯಿತು. ಕೆಂಪು ಬಣ್ಣ ಇದರಿಂದಲೇ ಎಂದು ಗೈಡು ಹೇಳಿದಳು. ಜೀವ ಹೋಗುವುದು ಕಂಡಾಗ ಶಿವ ಶಿವ ಎಂದು ಎದೆಯ ಲಿಂಗ ಮುಟ್ಟಿಕೊಳ್ಳುವುದು ಅಕ್ಕನ ರೂಢಿ. ಇರುವೆ ತುಳಿದರೂ ಮುಟ್ಟಿಕೊಳ್ಳುತ್ತಿದ್ದರು. ಅವತ್ತೂ ಕೈ ಎದೆಗೆ ಹೋಯಿತು. ಅಲ್ಲೇ ನಿಂತಿತು.

ಅಕ್ಕ ಕೊರಳು ತಡವಿಕೊಂಡರು, ಸೆರಗು ಕೊಡವಿದರು, ಕುಪ್ಪಸದೊಳಗೆ ನೋಡಿಕೊಂಡರು. ನಾನು ಚೀಲ ಸುರಿದು ಸ್ವೆಟರನ್ನು ತಿರುವಿ ಮುರುವಿ ನೋಡಿದೆ. ಶಿವದಾರದ ತುಂಡೊಂದು ಅದರ ಒಳಗಿನ ಉಣ್ಣೆಗೆ ಸಿಕ್ಕಿಕೊಂಡಿತ್ತು. ಗಂಟು ಬಿಚ್ಚಿತ್ತು. ಬಟ್ಟೆಯೂ ಇಲ್ಲ, ಲಿಂಗವೂ ಇಲ್ಲ. ನಾನು ಕೊಡವಿದ್ದೆನಲ್ಲ, ಆ ಮೆಟ್ಟಿಲುಗಳ ಮೇಲೆ ಎಲ್ಲೋ ಬಿದ್ದಿದೆ. ಅಕ್ಕ ಅಂಗಳದ ಮಣ್ಣಿನಲ್ಲೇ ಕುಳಿತುಬಿಟ್ಟರು.

ಬಸ್ಸು ತಿರುಗಿಸಿ ಎಂದು ನಾನು ಮ್ಯಾನೇಜರನ್ನು ಬೇಡಿದೆ. ಆತ ಒಳ್ಳೆಯ ಹುಡುಗನೇ. ಆದರೆ ಬಸ್ಸಿನ ತುಂಬ ಜನ, ಊಟಕ್ಕೆ ಹೇಳಿಯಾಗಿದೆ, ಮುಂದೆ ಇನ್ನೊಂದು ಹಳ್ಳಿ ಇದೆ. ಊರಿಗೆ ಹೋದ ಮೇಲೆ ಬೇರೆ ತಗೊಂಡರಾಯಿತಲ್ಲ ಅಮ್ಮ ಎಂದ. ಕೆಲವರು ಗೊಣಗಿದರು. ಹೊನ್ನಾಳಿಯವರು ತಮಾಷೆಗೇ ಶುರುಮಾಡಿದರು.

“ಆ ಗುಡ್ಡ ಪೂರ್ತಿ ಕಲ್ಲೇ ರೀ. ಯಾವುದು ಲಿಂಗ, ಯಾವುದು ಗ್ವಾಡೆ ಅಂತ ಹುಡುಕಾಕೆ ಹೋಗ್ತೀರಿ?”

ಯಾರೂ ನಗಲಿಲ್ಲ. ಅವರು ಅಕ್ಕನ ಮುಖ ನೋಡಿ ಬಾಯಿ ಮುಚ್ಚಿಕೊಂಡರು. ಗೈಡು ಏನಾಯಿತೆಂದು ಕೇಳುತ್ತಿದ್ದಳು, ಮ್ಯಾನೇಜರ್ ಸರ ಕಳೆದಿದೆ ಎಂದು ಹೇಳಿದ. ಸರವಲ್ಲ ಎಂದು ಹೇಳಲು ನನಗೆ ಭಾಷೆಯಿಲ್ಲ. ಆಗ ಆ ಹೊನ್ನಾಳಿಯ ಮನುಷ್ಯ, ನಿಂತಲ್ಲೇ ಅಂಗಿಯ ಗುಂಡಿ ಬಿಚ್ಚಿ, ತಮ್ಮ ಕೊರಳಿನ ಕರಡಿಗೆ ತೆರೆದು, ಒಳಗಿನ ಕಪ್ಪು ಲಿಂಗವನ್ನು ಅವಳಿಗೆ ತೋರಿಸಿದರು. ಕೈಯಿಂದ ಎದೆ ಮುಟ್ಟಿದರು, ಆಕಾಶ ತೋರಿಸಿದರು, ಬಾಯಿಗೆ ಅನ್ನ ಇಡುವಂತೆ ಮಾಡಿ ತಲೆಯಾಡಿಸಿದರು. ಗೈಡು ನೋಡುತ್ತಾ ನಿಂತಳು. ಆಮೇಲೆ ಕೋಟೆಯ ಕಾವಲುಗಾರನಿಗೆ ಫೋನು ಮಾಡಿದಳು. ಬಸ್ಸು ಹೋಗಲಿ, ಕೊನೆಯ ಹಳ್ಳಿ ಮುಗಿದ ಮೇಲೆ ಬಾಗಿಲು ಹಾಕುವ ಮೊದಲು ತಾನೇ ಕಾರಿನಲ್ಲಿ ಕರೆದುಕೊಂಡು ಹೋಗುತ್ತೇನೆ ಎಂದಳು. ಅವಳು ನಮ್ಮವಳಲ್ಲ, ನಮ್ಮ ದೇವರು ಅವಳಿಗೆ ಗೊತ್ತಿಲ್ಲ. ಆದರೂ ಅಷ್ಟು ಸಿಕ್ಕಿತಲ್ಲ ಎಂದು ನಾನು ಶಿವನಿಗೆ ಕೈಮುಗಿದೆ.

ಲಿಂಗ ಕಳೆದವರು ಅದು ಸಿಗುವ ತನಕ, ಇಲ್ಲವೇ ಗುರು ಬೇರೆ ಕಟ್ಟುವ ತನಕ ಉಣ್ಣಬಾರದು ಎಂಬುದು ಹಿರಿಯರಿಂದ ಬಂದ ನೇಮ. ಎಷ್ಟು ಜನ ಪಾಲಿಸುತ್ತಾರೋ ಗೊತ್ತಿಲ್ಲ. ಅಕ್ಕ ಪಾಲಿಸುತ್ತಾರೆಂದು ನನಗೆ ಗೊತ್ತಿತ್ತು. ಬಸ್ಸಿನವರೆಲ್ಲ ಊಟಕ್ಕೆ ಕುಳಿತಾಗ ಅಕ್ಕ ಹೊರಗಿನ ಬೆಂಚಿನ ಮೇಲೆ ಕುಳಿತರು. ನೀರೂ ಮುಟ್ಟಲಿಲ್ಲ. ಆ ಎತ್ತರದಲ್ಲಿ ನೀರು ಕುಡಿಯದಿದ್ದರೆ ತಲೆ ಸುತ್ತಿ ಬೀಳುತ್ತಾರೆ ಎಂದು ಬೆಳಗಿನಿಂದ ಗೈಡು ಹೇಳುತ್ತಲೇ ಇದ್ದಳು. ಅಕ್ಕನ ತುಟಿ ನೀಲಿಗಟ್ಟಿತ್ತು, ಉಸಿರು ಎಳೆದೆಳೆದು ಬಿಡುತ್ತಿದ್ದರು. ನಾನು ಬೈದೆ, ಅತ್ತು ಕಾಲು ಹಿಡಿದೆ. ಇರಲಿ ಬಿಡೇ ಎನ್ನುತ್ತಿದ್ದರು, ಅಷ್ಟೇ. ಕೊನೆಗೆ ನ್ಯಾಮತಿಯ ನಮ್ಮ ಅಯ್ಯನವರಿಗೆ, ಮನೆಗೆ ಪೂಜೆಗೆ ಬರುವ ಹಿರಿಯರಿಗೆ, ಫೋನು ಹಚ್ಚಿದೆ. ಅಲ್ಲಿ ಮಲಗುವ ಹೊತ್ತು. ಎತ್ತಿದರು, ಅದು ನಮ್ಮ ಪುಣ್ಯ. ವಿಷಯ ಹೇಳಿ, ಸ್ಪೀಕರ್ ಹಾಕಿ ಫೋನನ್ನು ಅಕ್ಕನ ಮುಂದೆ ಹಿಡಿದೆ.

“ನೀರು ಕುಡೀರಿ ತಾಯಿ,” ಅಂದರು. “ನಾನು ಹೇಳ್ತೀನಿ, ಕುಡೀರಿ. ಊರಿಗೆ ಬರ್ರಿ, ನಾನೇ ಕಟ್ತೀನಿ.”

ಊಟದ ಮಾತು ಅವರೂ ಎತ್ತಲಿಲ್ಲ, ಅಕ್ಕನೂ ಕೇಳಲಿಲ್ಲ. ಫೋನಿಗೇ ನಮಸ್ಕಾರ ಮಾಡಿ, ನನ್ನ ಕೈಯಿಂದ ಬಾಟಲಿ ತೆಗೆದುಕೊಂಡು ಎರಡು ಗುಟುಕು ಕುಡಿದರು. ಮುಂದಿನ ಹಳ್ಳಿಯಲ್ಲಿ ಬಸ್ಸಿನಿಂದ ಇಳಿಯಲೇ ಆಗಲಿಲ್ಲ. ಗೈಡು ಸಣ್ಣ ಡಬ್ಬಿಯಂಥ ಸಿಲಿಂಡರಿನಿಂದ ಆಮ್ಲಜನಕ ಮೂಗಿಗೆ ಹಿಡಿದಳು. ಹೊರಗೆ ನಮ್ಮವರು ಲಾಮಾ ಎಂಬ ಪ್ರಾಣಿಯ ಜೊತೆ ಫೋಟೋ ತೆಗೆಸಿಕೊಳ್ಳುತ್ತಿದ್ದರು. ನಾನು ಅಕ್ಕನ ತಲೆಯನ್ನು ಹೆಗಲಿಗೆ ಒರಗಿಸಿಕೊಂಡು, ಬಾಯಿಗೆ ಬಂದ ದೇವರ ಹೆಸರನ್ನೆಲ್ಲ ಹೇಳುತ್ತಿದ್ದೆ. ಬೇರೇನು ಮಾಡಲಿ? ಆಸ್ಪತ್ರೆ ಎಲ್ಲಿ, ಯಾರಿಗೆ ಏನೆಂದು ಹೇಳಲಿ? ನಾನು ಅಷ್ಟು ಕೈಲಾಗದವಳೆಂದು ನನಗೆ ಗೊತ್ತಾದದ್ದು ಅವತ್ತು.

ಸಂಜೆ ಕೋಟೆಗೆ ನಾಲ್ವರು ಹೋದೆವು, ಅಕ್ಕ, ನಾನು, ಗೈಡು, ಕರೆಯದಿದ್ದರೂ ಕಾರು ಹತ್ತಿದ ಹೊನ್ನಾಳಿಯವರು. ಅಕ್ಕನನ್ನು ಕಾರಿನಲ್ಲೇ ಕೂರಿ ಎಂದರೆ ಕೇಳಲಿಲ್ಲ, ಒಂದೊಂದು ಮೆಟ್ಟಿಲಿಗೂ ನಿಂತು ನಿಂತು ಹತ್ತಿದರು. ಸ್ವೆಟರ್ ತೆಗೆದ ಜಾಗ ಫೋಟೋದಲ್ಲಿ ಇತ್ತು. ಅದನ್ನು ನೋಡಿಕೊಂಡು ಅಲ್ಲಿಂದ ಕೆಳಗಿನ ಮೆಟ್ಟಿಲುಗಳನ್ನೆಲ್ಲ ಹುಡುಕಿದೆವು. ಹುಲ್ಲು ಬಗೆದೆವು, ಗೋಡೆಯ ಬುಡ ತಡವಿದೆವು. ಬಿಳಿ ಬಟ್ಟೆಯ ಗಂಟು ಎಲ್ಲೂ ಕಾಣಲಿಲ್ಲ. ನಾಯಿ ಒಯ್ದಿತೋ, ಯಾರ ಕಾಲಿಗೆ ಸಿಕ್ಕು ಇನ್ನೆಲ್ಲಿ ಉರುಳಿತೋ. ಕಾವಲುಗಾರ ಮಧ್ಯಾಹ್ನದಿಂದಲೇ ಹುಡುಕಿದ್ದನಂತೆ. ಬಟ್ಟೆಯಿಂದ ಜಾರಿ ಬಿದ್ದಿದ್ದರೆ ಎಂದು, ಆ ಮೆಟ್ಟಿಲುಗಳಲ್ಲಿ ಸಿಕ್ಕ ಕಪ್ಪನೆಯ, ದುಂಡನೆಯ ಸಣ್ಣ ಕಲ್ಲುಗಳನ್ನೆಲ್ಲ ಆರಿಸಿ ತಂದು, ತನ್ನ ಉಣ್ಣೆಯ ಶಾಲನ್ನು ಹಾಸಿ ಅದರ ಮೇಲೆ ಸಾಲಾಗಿ ಇಟ್ಟಿದ್ದ. ಒರೆಸಿ ಇಟ್ಟಿದ್ದ, ಒಂದರ ಮೇಲೂ ಧೂಳಿರಲಿಲ್ಲ. ಇದರಲ್ಲಿ ನಿಮ್ಮ ದೇವರು ಯಾವುದು ನೋಡಿ ಎಂಬಂತೆ ಕೈ ತೋರಿಸಿದ.

ಇಷ್ಟಲಿಂಗಕ್ಕೆ ಕಪ್ಪು ಕಂತಿಯ ಲೇಪ ಇರುತ್ತದೆ, ನಯವಾಗಿರುತ್ತದೆ. ಬರೀ ಕಲ್ಲಿಗೂ ಅದಕ್ಕೂ ವ್ಯತ್ಯಾಸ ದೂರದಿಂದಲೇ ಗೊತ್ತಾಗುತ್ತದೆ. ಒಂದೂ ಅಲ್ಲವೆಂದು ನನಗೆ ಕಂಡಿತ್ತು, ಅಕ್ಕನಿಗೂ ಕಂಡಿರುತ್ತದೆ. ಆದರೂ ಅಕ್ಕ ಆ ಶಾಲಿನ ಮುಂದೆ ಕುಳಿತು ಒಂದೊಂದೇ ಕಲ್ಲನ್ನು ಕೈಗೆ ತೆಗೆದುಕೊಂಡು, ತಿರುಗಿಸಿ ನೋಡಿ, ಕಣ್ಣಿಗೊತ್ತಿಕೊಂಡು, ಮತ್ತೆ ಅದರ ಜಾಗದಲ್ಲೇ ಇಟ್ಟರು. ಒಂದನ್ನೂ ಬಿಡಲಿಲ್ಲ. ಬೆಳಕು ಹೋಗುತ್ತಿತ್ತು. ಅದರಲ್ಲಿ ಒಂದು ತುಸು ಹಾಗೆಯೇ ಕಾಣುತ್ತಿತ್ತು, ಕಪ್ಪಾಗಿ, ಗುಮ್ಮಟದಂತೆ. ಹೊನ್ನಾಳಿಯವರು ಬಗ್ಗಿ ಸಣ್ಣ ದನಿಯಲ್ಲಿ ಹೇಳಿದರು.

“ಇದೇ ಅಂದ್ಕೊಂಡು ತಗೊಂಬಿಡ್ರಿ ಅಕ್ಕಾರೆ. ಯಾರಿಗೆ ಗೊತ್ತಾಗ್ತತೆ?”

“ಅದಕ್ಕೆ ಗೊತ್ತಾಗ್ತತಲ್ಲಪ್ಪ,” ಅಂದರು ಅಕ್ಕ. “ನಾನಿಲ್ಲಿ ಬಿದ್ದಿರೋವಾಗ ಇವಳು ಇನ್ನೊಂದನ್ನ ಕಟ್ಕೊಂಡು ಹೋದ್ಲಲ್ಲ ಅಂತ.”

ಹೊನ್ನಾಳಿಯವರು ಅತ್ತ ತಿರುಗಿ ನಿಂತರು. ಅಕ್ಕ ಕಾವಲುಗಾರನಿಗೆ ಕೈಮುಗಿದರು. ಅವನೂ ಟೋಪಿ ತೆಗೆದ. ಗೇಟು ಹಾಕಿದರು.

ಆ ರಾತ್ರಿ ಹೋಟೆಲಿನಲ್ಲಿ ಅವಲಕ್ಕಿ ನೆನೆಸಿ ಬಟ್ಟಲಲ್ಲಿ ಹಿಡಿದು ಅವರ ಮುಂದೆ ನಿಂತೆ. ನನಗೆ ಗೊತ್ತಿದ್ದ ವಾದ ಒಂದೇ, ಅವರೇ ಕಲಿಸಿದ್ದು. “ನೀವು ಬರೀ ಬಾಯಿ ಕೊಡ್ರಿ ಅಕ್ಕ” ಅಂದೆ. ಅಷ್ಟು ಹೊತ್ತಿನ ಮೇಲೆ ಮೊದಲ ಸಲ ನಕ್ಕರು.

“ಅವತ್ತು ನಿನ್ನೊಳಗೆ ಕೂಸಿತ್ತಲ್ಲೇ. ಇವತ್ತು ನನ್ನೊಳಗೆ ಯಾರದಾರೆ? ನಾನೊಬ್ಬಳೇ ಇರೋದು.”

ನನ್ನ ಲಿಂಗವನ್ನೇ ಬಿಚ್ಚಿ ಕೊಡಲು ಹೋದೆ. ಒಬ್ಬರದ್ದು ಇನ್ನೊಬ್ಬರಿಗೆ ನಡೆಯುವುದಿಲ್ಲವೆಂದು ಗೊತ್ತಿದ್ದೂ ಹೋದೆ. ಅಕ್ಕ ನನ್ನ ಕೈಯನ್ನು ಎರಡೂ ಕೈಯಲ್ಲಿ ಹಿಡಿದು, ಮತ್ತೆ ನನ್ನ ಎದೆಗೇ ಒತ್ತಿದರು. ಮರುದಿನ ಬೆಳಿಗ್ಗೆ ನನಗೆ ಎಚ್ಚರವಾದಾಗ ಅವರು ಸ್ನಾನ ಮಾಡಿ, ಹಣೆಗೆ ವಿಭೂತಿ ಹಚ್ಚಿ, ಗೋಡೆಗೆ ಮುಖ ಮಾಡಿ ಕುಳಿತಿದ್ದರು. ಎಡಗೈ ಎದೆಯ ಮಟ್ಟಕ್ಕೆ ಎತ್ತಿ, ಖಾಲಿ ಅಂಗೈಯನ್ನೇ ರೆಪ್ಪೆ ಮುಚ್ಚದೆ ನೋಡುತ್ತಿದ್ದರು. ನಾನು ಮಲಗಿದಂತೆಯೇ ಇದ್ದೆ. ಎದ್ದರೆ ಅವರಿಗೆ ನಾಚಿಕೆಯಾಗಬಹುದು ಅನ್ನಿಸಿತು.

ವಿಮಾನ ಬದಲಿಸಿ ಬದಲಿಸಿ ಊರು ಮುಟ್ಟುವ ತನಕ ನೀರಿನ ಮೇಲೇ ಇದ್ದರು. ವಿಮಾನದಲ್ಲಿ ಊಟ ಕೊಡುವ ಹುಡುಗಿ ಬಂದಾಗಲೆಲ್ಲ ಹೊಟ್ಟೆ ಸರಿಯಿಲ್ಲವೆಂದು ಸನ್ನೆ ಮಾಡಿ, ತಮ್ಮ ತಟ್ಟೆಯನ್ನೂ ನನ್ನ ಮುಂದೆ ತಳ್ಳಿ, ನೀನು ಉಣ್ಣು, ನಿನಗೆ ಪಿತ್ತ ಐತೆ ಎನ್ನುತ್ತಿದ್ದರು. ಅವರ ಪಕ್ಕದಲ್ಲಿ ಕುಳಿತು ನಾನು ಉಂಡೆ. ಉಣ್ಣದಿದ್ದರೆ ಅವರು ಬಿಡುತ್ತಿರಲಿಲ್ಲ. ನ್ಯಾಮತಿಯಲ್ಲಿ ಅಯ್ಯನವರು ಕಾದಿದ್ದರು. ಹೊಸ ಲಿಂಗ ಕಟ್ಟಿದರು. ಅಕ್ಕ ಹಾಲು ಅನ್ನ ಕಲಸಿಕೊಂಡು ತಟ್ಟೆಯ ಮುಂದೆ ಕುಳಿತವರು, ತುತ್ತು ಎತ್ತುವ ಮೊದಲು ನನ್ನ ಕಡೆ ನೋಡಿ “ನೀನು ಉಂಡ್ಯಾ?” ಎಂದು ಕೇಳಿದರು.

ಮನೆಯವರು ಅದೊಂದು ಕೆಟ್ಟ ಗಳಿಗೆ, ಮುಗಿಯಿತು ಎಂದರು. ಅಕ್ಕನಿಗೆ ಮುಗಿಯಲಿಲ್ಲ. ಹೊಸ ಲಿಂಗಕ್ಕೆ ಅದೇ ಭಕ್ತಿಯಿಂದ ಪೂಜೆ ಮಾಡುತ್ತಿದ್ದರು, ಅದರಲ್ಲಿ ಕೊರತೆಯಿಲ್ಲ. ಆದರೆ ತೊಟ್ಟಿಲು ಕಾರ್ಯಗಳಲ್ಲಿ ಕೂಸನ್ನು ತೊಟ್ಟಿಲಿಗೆ ಹಾಕಲು ಮೊದಲು ಕೈ ನೀಡುತ್ತಿದ್ದವರು, ಈಗ ಲಿಂಗ ಕಳೆದ ಕೈ ಎಂದುಕೊಂಡು ಬಾಗಿಲ ಹತ್ತಿರವೇ ನಿಲ್ಲುತ್ತಿದ್ದರು. ಯಾರೂ ಬೇಡ ಎನ್ನಲಿಲ್ಲ. ಬನ್ನಿ ಎಂದು ಎಳೆದರೂ ಬರುತ್ತಿರಲಿಲ್ಲ. ಹುಟ್ಟಿದ ಕೂಸಾಗಿದ್ದಾಗ ಉಬ್ರಾಣಿಯ ತವರಲ್ಲಿ ಅವರಜ್ಜಿ ತೊಡೆಯ ಮೇಲೆ ಮಲಗಿಸಿಕೊಂಡು ಕಟ್ಟಿಸಿದ್ದಂತೆ ಕಳೆದುಹೋದ ಆ ಲಿಂಗ. ತಾಯಿ, ಅಜ್ಜಿ ಇಬ್ಬರೂ ಹೋದ ಮೇಲೂ ಅದೊಂದು ಮೈಮೇಲೆ ಉಳಿದಿತ್ತು. ಸಂಜೆ ದೀಪ ಹಚ್ಚುವ ಹೊತ್ತಿಗೆ ಅಂಗಳಕ್ಕೆ ಬಂದು ನಿಂತು, ಈಗ ಅಲ್ಲಿ ಬೆಳಗಾತು, ಅದರ ಮೇಲೆ ಬಿಸಿಲು ಬಿದ್ದಿರ್ತತೆ ಎನ್ನುತ್ತಿದ್ದರು. ಮಳೆ ಬಂದರೆ ಅಲ್ಲೂ ಮಳೆಯೇನೋ ಎನ್ನುತ್ತಿದ್ದರು. ಹೊನ್ನಾಳಿಯವರು ಒಮ್ಮೆ ಮನೆಗೆ ಬಂದಾಗ, ಆ ಗೈಡಿಗೆ ಮ್ಯಾನೇಜರ್ ಕಡೆಯಿಂದ ಈಗಲೂ ಫೋನು ಮಾಡಿಸಿ ಕೇಳುತ್ತಿದ್ದೇನೆ, ಸಿಕ್ಕಿಲ್ಲವಂತೆ ಎಂದರು. ಈ ಮನುಷ್ಯ ತಾನೇ ಹೀಗೆ ವಿಚಾರಿಸುತ್ತಿದ್ದಾನೆಂದು ನಮಗೆ ಗೊತ್ತೇ ಇರಲಿಲ್ಲ. ಅಕ್ಕ ಅವರಿಗೆ ಕಾಫಿ ಜೊತೆ ಎರಡು ಹೋಳಿಗೆ ಹೆಚ್ಚು ಹಾಕಿದರು.

ಈ ಬೇಸಿಗೆಯಲ್ಲಿ ಅಕ್ಕನ ಹೃದಯ ಸೋತಿದೆ ಎಂದರು ಡಾಕ್ಟರು. ಬೆಟ್ಟಕ್ಕೆ ಹೋದದ್ದಕ್ಕೂ ಇದಕ್ಕೂ ಸಂಬಂಧವಿಲ್ಲ, ವಯಸ್ಸಿನದು ಎಂದರು. ಇರಬಹುದು. ದಾವಣಗೆರೆಯ ಆಸ್ಪತ್ರೆಗೆ ನಾನು ಬಸ್ಸಿನಲ್ಲಿ ಹೋಗಿ ಬರುತ್ತಿದ್ದೆ. ಕಾಲು ಬಾತಿದ್ದವು, ಮಾತು ಕಡಿಮೆಯಾಗಿತ್ತು. ಒಂದು ಮಧ್ಯಾಹ್ನ ವಾರ್ಡಿನಲ್ಲಿ ಬೇರೆ ಯಾರೂ ಇಲ್ಲದಾಗ, ನಾನು ಕಿತ್ತಳೆ ಸುಲಿಯುತ್ತಿದ್ದೆ, ಅವರು ಕೇಳಿದರು.

“ನಾನಿರೋ ತನಕ ನೆನಸ್ಕೊಂತಿದ್ದೆ. ನಾನು ಹೋದ್ಮೇಲೆ ಅದಕ್ಕೆ ಯಾರೇ ಇದಾರೆ ಅಲ್ಲಿ?”

ಶಿವ ಎಲ್ಲ ಕಡೆ ಇದ್ದಾನೆ ಎಂದು ಹೇಳಬಹುದಿತ್ತು. ಅದನ್ನು ಅವರು ನನಗಿಂತ ಚೆನ್ನಾಗಿ ಬಲ್ಲವರು. ನಾನು ನೋಡ್ಕೋತೀನಿ ಅನ್ನಬಹುದಿತ್ತು, ಹೇಗೆ ನೋಡಿಕೊಳ್ಳಲಿ? ಕಿತ್ತಳೆಯ ತೊಳೆಯೊಂದನ್ನು ಬಿಡಿಸಿ ಅವರ ಬಾಯಿಗಿಟ್ಟೆ. ಬೆಳಗಿನ ಪೂಜೆ ಆಗಿತ್ತು, ತಿಂದರು.

ಫೋನು ಬಂದ ದಿನ ಕೈಯನ್ನು ಎಣ್ಣೆ ಹಚ್ಚಿ ತಿಕ್ಕಿ ತೊಳೆದುಕೊಂಡು ನ್ಯಾಮತಿಗೆ ಹೋದೆ. ಸ್ನಾನ ಮಾಡಿಸುವವರ ಜೊತೆ ನಾನೂ ಸೇರಿಕೊಂಡೆ. ಕುಳ್ಳಿರಿಸಿ, ವಿಭೂತಿ ಧರಿಸಿ, ಲಿಂಗವನ್ನು ಎಡ ಅಂಗೈಯಲ್ಲಿ ಇಡುವಾಗ ಬೆರಳುಗಳು ಮಡಚಿಕೊಳ್ಳಲಿಲ್ಲ. ಅಯ್ಯನವರು ಮಂತ್ರ ಹೇಳುವ ತನಕ ಆ ಅಂಗೈಯನ್ನು ಕೆಳಗಿನಿಂದ ನಾನು ಹಿಡಿದುಕೊಂಡಿದ್ದೆ. ಆಮೇಲೆ ಬಿಳಿ ಬಟ್ಟೆಯಿಂದ ಲಿಂಗವನ್ನು ಕೈಗೆ ಸೇರಿಸಿ ಕಟ್ಟಿದರು. ಗಂಟು ಗಟ್ಟಿ ಹಾಕಿ ಎಂದು ನನ್ನ ಬಾಯಿಂದ ಬಂದುಬಿಟ್ಟಿತು. ಅಯ್ಯನವರು ನನ್ನನ್ನು ನೋಡಿ, ಇನ್ನೊಂದು ಗಂಟು ಹಾಕಿದರು. ಗಂಡಸರು ತೋಟದ ಕಡೆ ಹೊತ್ತುಕೊಂಡು ಹೋದರು.

ಸಂಜೆ ಕೊನೆಯ ಬಸ್ಸಿಗೆ ಯಜಮಾನರ ಜೊತೆ ಚನ್ನಗಿರಿಗೆ ಬಂದೆ. ತಲೆಗೆ ನೀರು ಹಾಕಿಕೊಂಡು, ಪೂಜೆಗೆ ಕುಳಿತು, ಅಂಗೈಯ ಮೇಲಿನ ನನ್ನ ಲಿಂಗವನ್ನೇ ನೋಡಿದೆ. ಆಸ್ಪತ್ರೆಯಲ್ಲಿ ಅಕ್ಕ ಕೇಳಿದ್ದಕ್ಕೆ ಉತ್ತರವೇನಾದರೂ ಹೊಳೆಯುತ್ತದೇನೋ ಎಂದು ಎಂದಿಗಿಂತ ಹೆಚ್ಚು ಹೊತ್ತು ಕುಳಿತೆ. ಒಳಗಿನಿಂದ ಯಜಮಾನರು ಏನಾದರೂ ಉಣ್ಣಲು ಮಾಡುತ್ತೀಯಾ ಎಂದು ಮೆಲ್ಲಗೆ ಕೇಳಿದರು. ಎದ್ದು ಅಕ್ಕಿ ತೊಳೆದು ಒಲೆಯ ಮೇಲಿಟ್ಟೆ.